ಟಿವಿ ಯಾರದು: ಬೇರ್ಡನದೋ, ಫಾರ್ನ್ಸ್‌ವರ್ಥನದೋ?

ತಟ್ಟೆಪ್ರಿಯ: ಸುಮ್ಮನೆ ವಾದ ಯಾಕೆ? 1926ರ ಜನವರಿ 26ರಂದು ಲಂಡನ್ನಿನ ಫ್ರಿತ್ ಸ್ಟ್ರೀಟ್‌ನಲ್ಲಿ ಸ್ಕಾಟ್ಲೆಂಡಿನ ಬೇರ್ಡ್ ಹತ್ತಾರು ಜನರ ಎದುರೇ ಟಿವಿಯಲ್ಲಿ ಮನುಷ್ಯನ ಮುಖದ ಚಿತ್ರ ತೋರಿಸಿದ. ಅಮೆರಿಕದ ಫಾರ್ನ್ಸ್‌ವರ್ಥ್ 1927ರ ಸೆಪ್ಟೆಂಬರಿನಲ್ಲಿ ತೋರಿಸಿದ್ದು ಒಂದು ಗೆರೆ.

ವಾಲ್ವ್ ವಾಸು: ಆ ಗೆರೆ ಬಂದಿದ್ದು ತಿರುಗುವ ತಟ್ಟೆ ಇಲ್ಲದೆ, ಎಲೆಕ್ಟ್ರಾನ್ ಟ್ಯೂಬಿನಿಂದ ಸ್ವಾಮಿ. ನಿಮ್ಮ ಬೇರ್ಡ್ ತಿರುಗಿಸಿದ್ದು 1884ರ ನಿಪ್ಕೋನ ತೂತು ತಟ್ಟೆ; ಅದು ತಿರುಗುವಾಗ ಒಂದೊಂದು ತೂತೂ ಚಿತ್ರದ ಒಂದೊಂದು ಗೆರೆ ಓದುತ್ತೆ.

ತಟ್ಟೆಪ್ರಿಯ: "ತೂತು ತಟ್ಟೆ" ಅಂತ ಹಂಗಿಸಬೇಡಿ. 30 ತೂತಿಗೆ 30 ಗೆರೆ, ನಿಮಿಷಕ್ಕೆ 750 ಸುತ್ತು, ಸೆಕೆಂಡಿಗೆ ಹನ್ನೆರಡೂವರೆ ಚಿತ್ರ. ಬಿಬಿಸಿ ಇದನ್ನು ಮಾಮೂಲಿ ರೇಡಿಯೋದ ಮೀಡಿಯಂ ವೇವ್‌ನಲ್ಲೇ ಕಳಿಸಿತು. ಸ್ಪಷ್ಟ ಬೇಕಾ, ತೂತು ಹೆಚ್ಚಿಸಿ, ಅಷ್ಟೇ.

ವಾಲ್ವ್ ವಾಸು: "ಅಷ್ಟೇ"!! 60 ಕೊರೆದು ನೋಡಿ. ತೂತಿನ ವ್ಯಾಸ ಅರ್ಧ, ಬೆಳಕು ಕಾಲು ಭಾಗ.

ಗಣಿತ ಮೇಷ್ಟ್ರು: ಕಾಲು ಭಾಗ ತಪ್ಪು. ಚಿತ್ರದ ಅಗಲ ಅಂದರೆ ಅಕ್ಕಪಕ್ಕದ ತೂತುಗಳ ಅಂತರ. ತಟ್ಟೆ ಅದೇ ಇದ್ದರೆ ಆ ಅಂತರ ಅರ್ಧ, ಹಾಗಾಗಿ ಚಿತ್ರದ ಅಗಲ, ಎತ್ತರ ಎರಡೂ ಅರ್ಧ. ಆ ಅರ್ಧ ಎತ್ತರದಲ್ಲಿ ದುಪ್ಪಟ್ಟು ಗೆರೆ ಕೂರಬೇಕು. ವ್ಯಾಸ ಕಾಲು, ತೂತಿನ ವಿಸ್ತೀರ್ಣ ಹದಿನಾರರಲ್ಲೊಂದು.

ವಾಲ್ವ್ ವಾಸು: ಚಿತ್ರದ ಅಳತೆ ಕುಗ್ಗಿಸಿ ಅಂದವರ್ಯಾರು? ಅಳತೆ ಅಷ್ಟೇ ಇಟ್ಟರೆ ಕಾಲೇ.

ಗಣಿತ ಮೇಷ್ಟ್ರು: ಆಗ ಅದೇ ಅಂತರದಲ್ಲಿ ದುಪ್ಪಟ್ಟು ತೂತು ಕೂರಲು 2 ಅಡಿ ತಟ್ಟೆ 4 ಅಡಿ ಆಗಬೇಕು. ಅದನ್ನ ಯಾಕೆ ನುಂಗಿದಿರಿ?

ಕಲಬುರಗಿ ಕಟ್ಟೆ: ತೂತು ಎಣಿಸೋದು ಬಿಡ್ರಿ. ಟಿವಿ ಸಮಾಜಕ್ಕೆ ಏನ್ ಮಾಡ್ತು ಅದನ್ನ ಹೇಳ್ರಿ. 1975ರ ಆಗಸ್ಟ್‌ನಿಂದ ಒಂದು ವರ್ಷ ಅಮೆರಿಕದ ಎಟಿಎಸ್-6 ಉಪಗ್ರಹದಿಂದ 2400 ಹಳ್ಳಿಗೆ ಟಿವಿ ಬಂತು, ನಮ್ಮ ಕಡೀ ಹಳ್ಳಿನೂ ಅದ್ರಾಗ ಇದ್ವು. ಊರಿಗೆ ಒಂದೇ ಸೆಟ್, 10 ಅಡಿ ಜಾಲರಿ ಆಂಟೆನಾ. ಬೇಸಾಯ, ಆರೋಗ್ಯ ಎಲ್ಲಾ ಮಂದಿ ಕೂಡಿ ಕುಂತು ನೋಡಿದ್ರು.

ತಟ್ಟೆಪ್ರಿಯ: ಜಾಲರಿನಾ? ಅದರಲ್ಲೂ ತೂತೇ ಅಲ್ವಾ, ಸಿಗ್ನಲ್ ಸೋರಲ್ವಾ?

ಕಲಬುರಗಿ ಕಟ್ಟೆ: ಆ ಉಪಗ್ರಹದ ಸಿಗ್ನಲ್ 860 ಮೆಗಾಹರ್ಟ್ಸ್, ಅದರ ತರಂಗದ ಉದ್ದ 35 ಸೆಂಟಿಮೀಟರ್. ಜಾಲರಿ ಕಣ್ಣು ಅದಕ್ಕಿಂತ ಭಾಳ ಸಣ್ಣದಿದ್ರ ತಗಡಿನಂಗ ಕೆಲಸ ಮಾಡ್ತದ, ಗಾಳಿಗೂ ಬೀಳಂಗಿಲ್ಲ. ನಾ ಕೇಳಿದ್ದು ಅದಲ್ಲ.

ವಾಲ್ವ್ ವಾಸು: ಮುಖ್ಯ ವಿಷಯಕ್ಕೆ ಬನ್ನಿ. ಪೇಟೆಂಟ್ ಜಗಳದಲ್ಲಿ ಗೆದ್ದವನು ಫಾರ್ನ್ಸ್‌ವರ್ಥ್. 1939ರಲ್ಲಿ ಎದುರಾಳಿ ಅಮೆರಿಕನ್ ರೇಡಿಯೋ ಕಂಪನಿ ಆರ್‌ಸಿಎ ಅವನಿಗೆ ದುಡ್ಡು ಕೊಟ್ಟೇ ಲೈಸೆನ್ಸ್ ತಗೊಂಡಿತು.

ಗಣಿತ ಮೇಷ್ಟ್ರು: "ಗೆದ್ದವನು" ಕಾಗದದಲ್ಲಿ. ಅವನ ಕ್ಯಾಮೆರಾ ಟ್ಯೂಬಿನಲ್ಲಿ ಒಂದು ಕ್ಷಣಕ್ಕೆ ಒಂದೇ ಚುಕ್ಕೆಯ ಎಲೆಕ್ಟ್ರಾನ್ ಬಳಕೆ, ಉಳಿದದ್ದೆಲ್ಲ ದಂಡ. ಅದಕ್ಕೇ ಕಣ್ಣು ಕುಕ್ಕುವ ದೀಪ ಬೇಕಿತ್ತು. ಸ್ಟುಡಿಯೋ ಹಿಡಿದದ್ದು ಬಿದ್ದ ಬೆಳಕಿನ ಚಾರ್ಜ್ ಕೂಡಿಡುವ, ಆರ್‌ಸಿಎಯ ಐಕನೋಸ್ಕೋಪ್ ಜಾತಿಯ ಕ್ಯಾಮೆರಾ ಟ್ಯೂಬು. ಬೇರ್ಡ್‌ನ 240 ಗೆರೆಯನ್ನು ಬಿಬಿಸಿ 1937ರ ಶುರುವಿನಲ್ಲೇ ಕೈಬಿಟ್ಟು, ಪೈಪೋಟಿ ಕಂಪನಿ ಮಾರ್ಕೋನಿ-ಇಎಂಐಯ 405 ಗೆರೆ ಉಳಿಸಿಕೊಂಡಿತು.

ತಟ್ಟೆಪ್ರಿಯ: 240 ಗೆರೆ ಬೇರ್ಡ್ ಮಾಡಿದ್ದ ಅಂತ ನೀವೇ ಬರೆದಿರಿ. ಅಷ್ಟು ಸಾಕು ನನಗೆ.

ವಾಲ್ವ್ ವಾಸು: 30 ತೂತಿನ ತಟ್ಟೆಯಲ್ಲಾ ಮಾಡಿದ್ದು? ಉತ್ತರ ಕೊಡಿ.