ಬರ್ಟಿನಿ ಕ್ಲಿಪ್ ಯಾಕೆ ಓಡ್ತಿದೆ

ಚಿಕ್ಕಪ್ಪ: [ವಿಡಿಯೊ, 6 ನಿಮಿಷ] ಜಗತ್ತಿನ ಮೊದಲ ಸಿನಿಮಾ ತಾರೆ ಫ್ರಾಂಚೆಸ್ಕಾ ಬರ್ಟಿನಿ! 1915ರ ಇಟಲಿಯ ‘ಅಸುಂತಾ ಸ್ಪೀನಾ’. ಕಥೆ, ನಿರ್ದೇಶನ, ನಟನೆ ಎಲ್ಲ ಅವಳದೇ! 👏

ಅತ್ತಿಗೆ: ಕಥೆ ಅವಳದಲ್ಲ, ಸಾಲ್ವತೋರೆ ದಿ ಜಾಕೊಮೊ ಅವರ ನಾಟಕ. ಮೊದಲ ತಾರೆ ಅನ್ನೋದೂ ತಪ್ಪು. ಇಟಲಿಯಲ್ಲೇ ಲೀಡಾ ಬೊರೆಲ್ಲಿ 1913ರಲ್ಲೇ ‘ದೀವಾ’ (ಜನ ಆರಾಧಿಸೋ ತಾರೆ) ಆಗಿದ್ಳು.

ಭಾವ: ನಿರ್ದೇಶನವೂ ಅವಳದಲ್ಲ. ಗುಸ್ತಾವೊ ಸೆರೇನಾ ಮಾಡಿದ್ದು. ನಾಯಕಿಯ ಪ್ರಿಯಕರ ಮಿಕೇಲೆ ಪಾತ್ರವೂ ಅವನದೇ.

ಪುಟ್ಟ: ಯಾರದಾದ್ರೂ ಇರ್ಲಿ, ನಟನೆ ಏನಿದು, ಕೀಲಿಗೊಂಬೆ ಥರ ದಡಬಡ!

ಭಾವ: ಅದು ಅವಳ ತಪ್ಪಲ್ಲ ಕಣೋ, ವೇಗದ ತಪ್ಪು. ಆಗ ಕ್ಯಾಮೆರಾನ ಕೈಯಲ್ಲಿ ತಿರುಗಿಸ್ತಿದ್ರು. ಒಂದು ಸುತ್ತಿಗೆ 8 ಫ್ರೇಮು, ಸೆಕೆಂಡಿಗೆ ಎರಡು ಸುತ್ತು, ಅಂದ್ರೆ ಹೆಚ್ಚುಕಡಿಮೆ 16. ಅದನ್ನ 24ರಲ್ಲಿ ಓಡಿಸಿದ್ರೆ ಒಂದೂವರೆ ಪಟ್ಟು ವೇಗ. ಈ 6 ನಿಮಿಷ ನಿಜಕ್ಕೂ 9 ನಿಮಿಷ ಇರ್ಬೇಕು. ಪ್ಲೇಯರ್‌ನಲ್ಲಿ ವೇಗ 0.67 ಇಡು. ಅಷ್ಟು ನಿಖರವಾಗಿ ಇಡೋಕೆ ಆಗ್ದಿದ್ರೆ 0.75 ಇಡು, ಅದು ಸೆಕೆಂಡಿಗೆ 18 ಫ್ರೇಮಿನ ಲೆಕ್ಕ, ನಡೆಯುತ್ತೆ.

ಅತ್ತಿಗೆ: ಅದಕ್ಕೂ ಮೊದಲು ಒಂದೊಂದೇ ಫ್ರೇಮ್ ಮುಂದಕ್ಕೆ ಒತ್ತಿ ನೋಡು. ಮೂರರಲ್ಲಿ ಒಂದು ಹಿಂದಿನದರ ನಕಲಾಗಿದ್ರೆ ಯಾರೋ ಆಗಲೇ ಹಿಗ್ಗಿಸಿದ್ದಾರೆ. ಮತ್ತೆ ನಿಧಾನ ಮಾಡಿದ್ರೆ ಎಲ್ಲರೂ ನೀರಲ್ಲಿ ನಡೆದ ಹಾಗೆ ಕಾಣ್ತಾರೆ. ತುಟಿ ಕಪ್ಪಗಿದೆ ಅಂತ ಬಣ್ಣ ತಿದ್ದೋಕೂ ಹೋಗ್ಬೇಡ, ಆಗಿನ ಫಿಲ್ಮಿಗೆ ಕೆಂಪು ಕಾಣ್ತಿರಲಿಲ್ಲ, ಕಪ್ಪಾಗೇ ಬೀಳ್ತಿತ್ತು.

ಪುಟ್ಟ: ನಕಲು ಫ್ರೇಮ್ ಇಲ್ಲ. 0.67ಕ್ಕೆ ಇಟ್ಟೆ. ಅಯ್ಯೋ, ಬೇರೆ ಹೆಂಗಸೇ ಕಾಣ್ತಾಳೆ!

ಅತ್ತಿಗೆ: ನೋಡು ಮತ್ತೆ! ಬಟ್ಟೆ ಒಗೆಯೋ ಅಸುಂತಾಳ ನಡಿಗೆ ಅದು, ರಂಗದ ರಾಣಿಯದಲ್ಲ. ಅವಳ ಮುಖಕ್ಕೆ ಚಾಕು ಹಾಕಿದವನೇ ಮಿಕೇಲೆ. ಆದರೂ ಅವನನ್ನ ಆವೆಲ್ಲಿನೊ ಜೈಲಿಗೆ ಸಾಗಿಸದೆ ನೇಪಲ್ಸಿನಲ್ಲೇ ಇರಿಸ್ಲಿ ಅಂತ ಕೋರ್ಟ್ ಗುಮಾಸ್ತನಿಗೆ ತನ್ನನ್ನೇ ಒಪ್ಪಿಸಿಕೊಳ್ತಾಳೆ. ಆ ಸಂಕಟವನ್ನೆಲ್ಲ ಬರ್ಟಿನಿ ಶಾಲು ಹಿಡಿಯೋ ರೀತಿಯಲ್ಲೇ ಹೇಳ್ತಾಳೆ. ಅದಕ್ಕೇ ನಿರ್ದೇಶನದಲ್ಲೂ ಅವಳ ಕೈಯಿದೆ ಅಂತ ನಾನು ನಂಬೋದು.

ಭಾವ: ನಂಬಿಕೆ ಬೇರೆ, ದಾಖಲೆ ಬೇರೆ. ನಿರ್ದೇಶನ ತನ್ನದೂ ಅಂತ 1982ರಲ್ಲಿ ನಿರ್ದೇಶಕ ಮಿಂಗೊತ್ಸಿ ಮಾಡಿದ ಸಾಕ್ಷ್ಯಚಿತ್ರದಲ್ಲಿ ಅವಳೇ ಹೇಳಿಕೊಂಡಿದ್ದು ತಾನೆ? ಆಗ 90ರ ಆಸುಪಾಸು.

ಅತ್ತಿಗೆ: ಅವಳ ಮಾತು ಬಿಡಿ, ಸೆರೇನಾನೇ ಒಪ್ಪಿದ್ದಾನೆ. ಜನರನ್ನ ನಿಲ್ಲಿಸೋದು, ಕ್ಯಾಮೆರಾ ಕೋನ ಹೇಳೋದು, ಸಮಾಧಾನ ಆಗದಿದ್ರೆ ದೃಶ್ಯ ಮತ್ತೆ ತೆಗೆಸೋದು ಎಲ್ಲಾ ಅವಳು ಮಾಡ್ತಿದ್ಳು ಅಂತ. ಆ ಮಾತಿಂದ ಅವನ ಹೆಸರೇ ಕಮ್ಮಿ ಆಗೋದು, ಲಾಭ ಏನಿಲ್ಲ.

ಭಾವ: ಅವಳೂ ಹೆಚ್ಚಿನ ದೃಶ್ಯದಲ್ಲಿ ಕ್ಯಾಮೆರಾ ಮುಂದೇ ಇದ್ಳಲ್ಲ!

ಅತ್ತಿಗೆ: ಸೆರೇನಾನೂ ಇದ್ದ. ಇಬ್ಬರೂ ಚೌಕಟ್ಟಿನಲ್ಲಿರುವಾಗ ಹಿಂದೆ ಉಳಿಯೋನು ಕ್ಯಾಮೆರಾಮನ್ ಆಲ್ಬೆರ್ತೊ ಕಾರ್ತಾ. ನೀವು ಅವಳಿಗೆ ಹಾಕೋ ತಕ್ಕಡಿಯಲ್ಲೇ ಅವನನ್ನೂ ತೂಗಿ.

ಭಾವ: ...ಆ ಮಾತು ಸರಿ. ಆದ್ರೂ ‘ಎಲ್ಲ ಅವಳದೇ’ ಅಂತ ಬರೆಯೋಕಾಗಲ್ಲ.

ಚಿಕ್ಕಪ್ಪ: ಬೇರೆ ಮೂರು ಗುಂಪಿಗೂ ಕಳಿಸಿಬಿಟ್ಟಿದ್ದೀನಲ್ಲ. ಈಗೇನು ಬರೀಲಿ?

ಅತ್ತಿಗೆ: ನಾಟಕ: ದಿ ಜಾಕೊಮೊ. ನಿರ್ದೇಶನ: ಸೆರೇನಾ, ಬರ್ಟಿನಿ. ನಿರ್ಮಾಣ: ಸೀಸರ್ ಫಿಲ್ಮ್. ಪುಟ್ಟ ನಿಧಾನ ಮಾಡಿರೋ ವಿಡಿಯೊನೇ ಹಾಕಿ, ಹಳೇದು ಅಳಿಸಿ.