ಮರುಮದುವೆಗೆ ಮುನ್ನ ಜಮೀನಿನ ಬಗ್ಗೆ ಸಲಹೆ ಬೇಕು

ನಮಸ್ಕಾರ. ನಾನು ಶಿರಸಿ ಭಾಗದ ಅಡಿಕೆ ಕೃಷಿಕ, ವಿಧುರ, ಇಬ್ಬರು ಮಕ್ಕಳ ತಂದೆ. ತೋಟ, ಕೊಟ್ಟಿಗೆ ಎಂದೊಡನೆ ಎಷ್ಟೋ ಸಂಬಂಧಗಳು ಮುರಿದುಬಿದ್ದ ಮೇಲೆ, ಪತಿಯನ್ನು ಕಳೆದುಕೊಂಡ, ಪುಟ್ಟ ಮಗಳಿರುವ ಮಹಿಳೆಯೊಬ್ಬರು ಮನಃಪೂರ್ವಕವಾಗಿ ಒಪ್ಪಿದ್ದಾರೆ. ಇದು ನಮ್ಮ ಮನೆಯ ಭಾಗ್ಯವೆಂದೇ ಭಾವಿಸಿದ್ದೇನೆ.

ಆದರೆ ಮದುವೆಗೆ ಮೊದಲೇ ಎಲ್ಲ ಜಮೀನನ್ನೂ ನನ್ನ ಮಕ್ಕಳ ಹೆಸರಿಗೆ ಬರೆದುಕೊಡಬೇಕೆಂದು ಮಕ್ಕಳ ಸೋದರಮಾವ ಪಟ್ಟು ಹಿಡಿದಿದ್ದಾರೆ. ಊರ ಹಿರಿಯರನ್ನು ಕೂರಿಸಿ ಮಾತನಾಡಿಸಿದರೂ ಅವರು ಒಪ್ಪಲಿಲ್ಲ. ಉಯಿಲಿಲ್ಲದೆ ನಾನು ತೀರಿಕೊಂಡರೆ, 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯಂತೆ ನನ್ನ ಆಸ್ತಿಯಲ್ಲಿ ತಾಯಿ, ಪತ್ನಿ, ಮಕ್ಕಳಿಗೆ ಸಮಪಾಲು ಸಿಗುತ್ತದೆ. ಹೊಸ ಪತ್ನಿ ಕರೆತರುವ ಮಗಳಿಗೆ ಮಾತ್ರ ಪಾಲಿಲ್ಲ, ನನ್ನನ್ನು ಕಾಡುತ್ತಿರುವುದೂ ಅದೇ.

ಸ್ವಯಾರ್ಜಿತ ತೋಟಕ್ಕೆ ಈಗಲೇ ದಾನಪತ್ರ ಮಾಡುವುದು ಸರಿಯೇ, ಅಥವಾ ಮೂವರು ಮಕ್ಕಳನ್ನೂ ಪತ್ನಿಯನ್ನೂ ಸೇರಿಸಿ ನೋಂದಾಯಿತ ಉಯಿಲು ಬರೆದರೆ ಸಾಕೇ? ಅನುಭವವುಳ್ಳವರು ದಯವಿಟ್ಟು ತಿಳಿಸಿ.