ಈಜಿಪ್ಟಿನ ಎಡಿಟರ್‌ಗಳು: ಫಿಲ್ಮ್ ಕಾಲದಲ್ಲಿ ಕೆಲಸ ಹೇಗೆ ನಡೀತಿತ್ತು?

ಪ್ರಶ್ನೆ
ಸಲಾಹ್ ಅಬು ಸೈಫ್, ಕಮಾಲ್ ಅಲ್ ಶೇಖ್ ಇಬ್ಬರೂ ನಿರ್ದೇಶಕರಾಗೋ ಮೊದಲು ಎಡಿಟಿಂಗ್ ಮಾಡಿದವರು. ಇದು ಆಕಸ್ಮಿಕವಾ? ಎಡಿಟಿಂಗ್ ರೂಮಿನ ಕೆಲಸದ ವಿವರ ಗೊತ್ತಿದ್ದವರು ಬರೀರಿ.

ಉತ್ತರ 1
ಆಕಸ್ಮಿಕ ಅಲ್ಲ. ಸರ್ಕಾರಿ ಸಿನಿಮಾ ಇನ್‌ಸ್ಟಿಟ್ಯೂಟ್ ಶುರುವಾದದ್ದೇ 1959ರಲ್ಲಿ. ಅಲ್ಲಿವರೆಗೆ ಬ್ಯಾಂಕ್ ಮಿಸ್ರ್ ದುಡ್ಡಲ್ಲಿ ಗೀಝಾದಲ್ಲಿ 1935ರಲ್ಲಿ ಎದ್ದ ಸ್ಟುಡಿಯೋ ಮಿಸ್ರೇ ಶಾಲೆ. ಜರ್ಮನಿಯಲ್ಲಿ ಕಲಿತು ಬಂದ ನಿಯಾಝಿ ಮುಸ್ತಫಾ ಎಡಿಟಿಂಗ್ ನೋಡ್ಕೊಳ್ತಿದ್ದರು. ಮಹಲ್ಲಾ ಅನ್ನೋ ಊರಿನ ಬಟ್ಟೆ ಗಿರಣಿಯಲ್ಲಿದ್ದ ಅಬು ಸೈಫ್‌ರನ್ನ ಅಲ್ಲಿಗೆ ಕರೆತಂದವರೂ ಅವರೇ. ಅಬು ಸೈಫ್ ಮೊದಲ ಕಥಾಚಿತ್ರ ಮಾಡಿದ್ದು 1946ರಲ್ಲಿ, ಕಮಾಲ್ ಅಲ್ ಶೇಖ್ 1952ರಲ್ಲಿ. ಆ ನಡುವಿನ ವರ್ಷಗಳೇ ಅವರ ಡಿಗ್ರಿ ಅನ್ನಿ.

ಉತ್ತರ 2
ಲೆಕ್ಕ ಗೊತ್ತಿಲ್ಲದೆ ಆ ಕೆಲಸ ಆಗ್ತಿರಲಿಲ್ಲ. 35 ಎಂಎಂ ಫಿಲ್ಮಲ್ಲಿ ಅಡಿಗೆ 16 ಫ್ರೇಮ್ (ಒಂದೊಂದು ಬಿಡಿ ಚಿತ್ರ), ನಿಮಿಷಕ್ಕೆ 90 ಅಡಿ. ಸಾವಿರ ಅಡಿ ರೀಲು ಹನ್ನೊಂದು ನಿಮಿಷ ಓಡುತ್ತೆ. ಕಮಾಲ್ ಅಬುಲ್ ಅಲಾ ಎಡಿಟ್ ಮಾಡಿದ 'ಕೈರೋ ಸ್ಟೇಷನ್' (1958) ಸುಮಾರು 77 ನಿಮಿಷ, ಅಂದ್ರೆ ಹತ್ತಿರ ಹತ್ತಿರ 7000 ಅಡಿ.

ಮೊದಲು ವರ್ಕ್ ಪ್ರಿಂಟ್ (ನೆಗೆಟಿವಿಂದ ಎಡಿಟಿಂಗಿಗೆ ಅಂತ ತೆಗೆದ ಪ್ರತಿ) ಕತ್ತರಿಸಿ ಜೋಡಿಸ್ತಿದ್ದರು. ನಿರ್ದೇಶಕರು ಓಕೆ ಅಂದ ಮೇಲೆ ಫಿಲ್ಮಿನ ಅಂಚಿನ ನಂಬರ್ ನೋಡಿ ನೆಗೆಟಿವ್ ಕಟಿಂಗ್, ಅಂದ್ರೆ ಮೂಲ ನೆಗೆಟಿವನ್ನೂ ಹಾಗೇ ಕತ್ತರಿಸೋದು. ಎಡವಟ್ಟಾಗೋದು ಇಲ್ಲೇ: ವರ್ಕ್ ಪ್ರಿಂಟಿಗೆ ಟೇಪ್ ಹಾಕಿದ್ರೆ ಒಂದು ಫ್ರೇಮೂ ಹೋಗಲ್ಲ, ಆದ್ರೆ ನೆಗೆಟಿವ್ ಅಂಟಿಸ್ತಿದ್ದದ್ದು ಫಿಲ್ಮ್ ಸಿಮೆಂಟ್ ಅನ್ನೋ ಅಂಟಲ್ಲಿ. ಎಮಲ್ಷನ್ (ಚಿತ್ರ ಮೂಡೋ ಲೇಪ) ಕೆರೆದು ತುದಿ ಮೇಲೆ ತುದಿ ಇಡಬೇಕು, ಹಾಗಾಗಿ ಶಾಟಿನ ತುದಿಯ ಪಕ್ಕದ ಫ್ರೇಮ್ ಬಲಿ. ಒಂದೇ ಶಾಟನ್ನ ಎರಡು ಕಡೆ ಹಂಚುವಾಗ ನಡುವೆ ಫ್ರೇಮ್ ಬಿಡದಿದ್ರೆ ನೆಗೆಟಿವ್ ಸಾಲಲ್ಲ. ಕೆರೆಯೋದು ಅರೆಬರೆ ಆದ್ರೆ ಜಾಯಿಂಟ್ ಪ್ರಿಂಟಿಂಗ್ ಮಷೀನಲ್ಲೇ ಬಿಟ್ಕೊಳ್ಳುತ್ತೆ.

ಉತ್ತರ 3
ಹಾಡು, ಸೌಂಡಿನ ವಿಷಯ ಸೇರಿಸ್ತೀನಿ, ಈಜಿಪ್ಟಲ್ಲೂ ನಮ್ಮಲ್ಲಿನ ಹಾಗೆ ಹಾಡಿಲ್ಲದೆ ಸಿನಿಮಾ ಓಡೋದು ಕಷ್ಟ ಇತ್ತು. ಮ್ಯಾರೀಡ್ ಪ್ರಿಂಟಲ್ಲಿ (ಚಿತ್ರ, ಧ್ವನಿ ಎರಡೂ ಒಂದೇ ಫಿಲ್ಮಲ್ಲಿರೋ ಪ್ರತಿ) ಧ್ವನಿ ಚಿತ್ರಕ್ಕಿಂತ 21 ಫ್ರೇಮ್ ಮುಂದಿರುತ್ತೆ. ಅದನ್ನೇ ನೇರ ಕತ್ತರಿಸಿದ್ರೆ ಚಿತ್ರ ಒಂದು ಶಾಟಿನದು, ಮಾತು ಇನ್ನೊಂದರದು. ಅದಕ್ಕೇ ಸೌಂಡ್ ಬೇರೆ ರೀಲಲ್ಲಿ ಇಟ್ಕೊಂಡು, ಕ್ಲಾಪ್ ಬೋರ್ಡ್ ಬಡಿದ ಗುರುತಿಗೆ ಹೊಂದಿಸಿ ಎಡಿಟ್ ಮಾಡ್ತಿದ್ದರು.

ಉತ್ತರ 4
ಹೆಣ್ಣುಮಕ್ಕಳನ್ನ ಎಲ್ರೂ ಮರೆತ್ರಲ್ಲ! ನಿರ್ದೇಶಕ ಯೂಸೆಫ್ ಶಹೀನ್‌ರ 'ದಿ ಲ್ಯಾಂಡ್' (1970), 'ಅಲೆಕ್ಸಾಂಡ್ರಿಯಾ... ವೈ?' (1979) ಎಡಿಟ್ ಮಾಡಿದ್ದು ರಶೀದಾ ಅಬ್ದೆಲ್ ಸಲಾಮ್. ಮೊಹಮ್ಮದ್ ಖಾನ್, ಆತೆಫ್ ಅಲ್ ತಯೆಬ್ ಚಿತ್ರಗಳಿಗೆ ನಾದಿಯಾ ಶುಕ್ರಿ. ಅಬು ಸೈಫ್ ಥರ ಇವರು ನಿರ್ದೇಶನದ ಕಡೆ ಹೋಗದೆ ಎಡಿಟಿಂಗಲ್ಲೇ ಹೆಸರು ಮಾಡಿದವರು.

ಕಲಿಯೋರಿಗೆ: 'ಕೈರೋ ಸ್ಟೇಷನ್'ನಲ್ಲಿ ನಾಯಕಿ ಹನೂಮಾ ರೈಲು ಡಬ್ಬಿಯೊಳಗೆ ಕುಣಿಯೋ ದೃಶ್ಯ ಹಾಕಿ, ಸೌಂಡ್ ಬಂದ್ ಮಾಡಿ, ಪ್ರತಿ ಶಾಟ್ ಎಷ್ಟು ಫ್ರೇಮ್ ಅಂತ ಎಣಿಸಿ ಬರೆದಿಡಿ. ಆಮೇಲೆ ಸೌಂಡ್ ಹಾಕಿ ನೋಡಿ, ಯಾವ ಕಟ್ ತಾಳಕ್ಕೆ ಬಿದ್ದಿದೆ, ಯಾವುದು ಬೇಕಂತಲೇ ತಪ್ಪಿದೆ ಅಂತ.